ಅಗಲಿಕೆಯು ಬರೆಯಿಸಿದ ಓಲೆಗಳು: ಮದಾಂ ದ ಸೆವಿನ್ಯೆಯ ಕುಟುಂಬಜೀವನ ಮತ್ತು ಸಮಾಜಜೀವನ

ಪೀಠಿಕೆ

ನಮ್ಮ ಪಾಠಶಾಲೆಗಳಲ್ಲಿ ವ್ಯಾಕರಣ, ಛಂದಸ್ಸು, ಅಲಂಕಾರಗಳ ಜೊತೆಗೆ ಪತ್ರಲೇಖನವನ್ನೂ ಬೋಧಿಸುವ ಪದ್ಧತಿಯುಂಟು. ಒಕ್ಕಣೆ, ಕ್ಷೇಮಸಮಾಚಾರ, ವಿಷಯನಿರೂಪಣೆ, ಮುಕ್ತಾಯ, ವಿಳಾಸ ಎಂಬ ಅಂಗಗಳನ್ನು ವಿದ್ಯಾರ್ಥಿಗಳು ಕಂಠಪಾಠ ಮಾಡುತ್ತಾರೆ. ಅಂಗಗಳೆಲ್ಲ ಸರಿಯಾಗಿದ್ದರೆ ಅಧ್ಯಾಪಕರು ಪೂರ್ಣಾಂಕವನ್ನು ಕೊಡುತ್ತಾರೆ. ಆದರೆ ಪತ್ರವೂ ಸಾಹಿತ್ಯವಾಗಬಲ್ಲುದೆ? ಅಚ್ಚಾಗಲೆಂಬ ಆಸೆಯಿಲ್ಲದೆ, ಒಬ್ಬಳೇ ಓದುಗಳನ್ನು ಕಣ್ಣಮುಂದಿರಿಸಿಕೊಂಡು ಬರೆದ ಮಾತು ಮೂರು ಶತಮಾನಗಳನ್ನು ದಾಟಿ ಬಾಳಬಲ್ಲುದೆ? ಈ ಪ್ರಶ್ನೆಗೆ ಹದಿನೇಳನೆಯ ಶತಮಾನದ ಫ್ರಾನ್ಸ್ ದೇಶವು ಕೊಡುವ ಉತ್ತರವೇ ಮದಾಂ ದ ಸೆವಿನ್ಯೆ.

ಈಕೆ ಕಾವ್ಯವನ್ನು ಬರೆಯಲಿಲ್ಲ. ಕಾದಂಬರಿಯನ್ನಾಗಲಿ ನಾಟಕವನ್ನಾಗಲಿ ರಚಿಸಲಿಲ್ಲ. ದೂರದ ಊರಿನಲ್ಲಿದ್ದ ಮಗಳಿಗೆ, ಬಂಧುಗಳಿಗೆ, ಸ್ನೇಹಿತರಿಗೆ ಓಲೆಗಳನ್ನು ಬರೆದಳು. ಅವುಗಳಲ್ಲಿ ಸಾವಿರದ ನೂರಕ್ಕೂ ಮಿಕ್ಕಿದವು ಇಂದಿಗೂ ಉಳಿದಿವೆ. ಅವುಗಳ ಬಹುಭಾಗವು ಮಗಳಿಗೆ ಬರೆದುವು. ಆ ಓಲೆಗಳಿಂದಲೇ ಈಕೆ ಫ್ರೆಂಚ್ ಗದ್ಯದ ಶ್ರೇಷ್ಠ ಲೇಖಕರ ಪಂಕ್ತಿಯಲ್ಲಿ ಸ್ಥಾನವನ್ನು ಪಡೆದಿದ್ದಾಳೆ. ಆಕೆಯ ಕುಟುಂಬಜೀವನವನ್ನೂ ಸಮಾಜಜೀವನವನ್ನೂ ಸ್ಥೂಲವಾಗಿ ಪರಿಚಯಿಸುವುದು, ಆ ಓಲೆಗಳು ಹುಟ್ಟಿದ ಮತ್ತು ಉಳಿದುಬಂದ ಬಗೆಯನ್ನು ವಿವೇಚಿಸುವುದು ಪ್ರಕೃತ ಲೇಖನದ ಉದ್ದೇಶ. ತಾಯಿಮಕ್ಕಳ ಅಗಲಿಕೆಯು ಈ ಮನೆತನದಲ್ಲಿ ತಲೆಮಾರಿನಿಂದ ತಲೆಮಾರಿಗೆ ಮರುಕಳಿಸಿತು. ಒಂದು ತಲೆಮಾರಿನಲ್ಲಿ ಅದು ನಿಂತಿತು. ಹಾಗೆ ನಿಂತುದರಿಂದಲೇ ಈ ಓಲೆಗಳು ಜಗತ್ತಿಗೆ ದಕ್ಕಿದುವು ಎಂಬುದು ಇಲ್ಲಿ ವಿಶೇಷವಾಗಿ ಗಮನಿಸತಕ್ಕ ಅಂಶ.

ಕುಲ ಮತ್ತು ಬಾಲ್ಯ

ಈಕೆಯ ತವರಿನ ಹೆಸರು ಮಾರಿ ದ ರಬ್ಯುತಾಂ-ಶಾಂತಾಲ್. 1626ನೆಯ ಇಸವಿ ಫೆಬ್ರವರಿ 5ರಂದು ಪ್ಯಾರಿಸ್ ನಗರದಲ್ಲಿ ಜನನ. ತಂದೆ ಸೆಲ್ಸ್-ಬೆನೀನ್, ಬರ್ಗಂಡಿ ಪ್ರಾಂತದ ಪ್ರಾಚೀನ ಸಾಮಂತಕುಲಕ್ಕೆ ಸೇರಿದವನು. ತಾಯಿ ಮಾರಿ ದ ಕುಲಾಂಜ್, ರಾಜ್ಯದ ಹಣಕಾಸಿನ ವ್ಯವಹಾರದಿಂದ ಐಶ್ವರ್ಯ ಗಳಿಸಿದ ಮನೆತನದವಳು. ಕತ್ತಿಯ ಕುಲವೂ ಹಣದ ಕುಲವೂ ಕೂಡಿದ ಇಂತಹ ಸಂಬಂಧಗಳು ಅಂದಿನ ಫ್ರಾನ್ಸಿನಲ್ಲಿ ಅಪರೂಪವಾಗಿರಲಿಲ್ಲ. ಹಳೆಯ ಕುಲದವರಿಗೆ ಹಣ ಬೇಕಾಗಿತ್ತು; ಹಣವಂತರಿಗೆ ಕುಲ ಬೇಕಾಗಿತ್ತು.

ಈ ಮನೆತನದ ಮೇಲೆ ಒಬ್ಬ ಮಹಾವ್ಯಕ್ತಿಯ ನೆರಳು ಬಿದ್ದಿತ್ತು. ಮಾರಿಯ ತಂದೆಯ ತಾಯಿ ಜಾನ್ ದ ಶಾಂತಾಲ್. ಈಕೆ ಪತಿಯನ್ನು ಕಳೆದುಕೊಂಡ ಬಳಿಕ ಸಂತ ಫ್ರಾಂಸ್ವಾ ದ ಸಾಲ್‌ನ ಮಾರ್ಗದರ್ಶನದಲ್ಲಿ 1610ರಲ್ಲಿ ಸಂನ್ಯಾಸಿನಿಯರ ಸಂಘವೊಂದನ್ನು ಸ್ಥಾಪಿಸಿದಳು. ಆಕೆ ಮನೆಯನ್ನು ಬಿಟ್ಟು ಹೊರಡುವಾಗ ಬಾಲಕನಾಗಿದ್ದ ಮಗನು ಹೊಸ್ತಿಲಿಗೆ ಅಡ್ಡಲಾಗಿ ಮಲಗಿ ತಾಯಿಯನ್ನು ತಡೆಯಲೆತ್ನಿಸಿದನೆಂದೂ, ಆಕೆ ಕಣ್ಣೀರು ತುಂಬಿಕೊಂಡು ಅವನನ್ನು ದಾಟಿ ನಡೆದಳೆಂದೂ ಪರಂಪರೆಯು ಹೇಳುತ್ತದೆ. ಆ ಬಾಲಕನೇ ಮಾರಿಯ ತಂದೆ. ಜಾನ್ ದ ಶಾಂತಾಲ್‌ಳನ್ನು ಕ್ರೈಸ್ತಧರ್ಮಪೀಠವು 1767ರಲ್ಲಿ ಸಂತಳೆಂದು ಘೋಷಿಸಿತು. ಅಜ್ಜಿಯು ಮಗನನ್ನು ದಾಟಿ ಹೋದಳು. ಮೊಮ್ಮಗಳಿಗಾದರೋ ಮಗಳನ್ನು ಮನಸ್ಸಿನಿಂದ ಒಂದು ದಿನವೂ ದಾಟಲಾಗಲಿಲ್ಲ. ಈ ವೈದೃಶ್ಯವನ್ನು ಮುಂದೆ ನೋಡಲಿದ್ದೇವೆ.

ಮಾರಿಗೆ ತಾಯಿತಂದೆಯರ ಆಶ್ರಯವು ಬಹುಕಾಲ ದೊರೆಯಲಿಲ್ಲ. 1627ರಲ್ಲಿ ಇಂಗ್ಲಿಷರು ರೇ ದ್ವೀಪದ ಮೇಲೆ ದಂಡೆತ್ತಿ ಬಂದಾಗ ತಂದೆಯು ಯುದ್ಧದಲ್ಲಿ ಮಡಿದನು. 1633ರಲ್ಲಿ ತಾಯಿಯೂ ತೀರಿಕೊಂಡಳು. ಏಳು ವರ್ಷದ ತಬ್ಬಲಿಯನ್ನು ತಾಯಿಯ ತವರಿನವರು ಸಾಕಿದರು. ಅಜ್ಜ ಅಜ್ಜಿಯರೂ ಕೆಲವೇ ವರ್ಷಗಳಲ್ಲಿ ಕಾಲವಾದ ಮೇಲೆ ಸೋದರಮಾವಂದಿರು ಹೊಣೆ ಹೊತ್ತರು. ಅವರಲ್ಲಿ ಕ್ರಿಸ್ತೋಫ್ ದ ಕುಲಾಂಜ್ ಎಂಬ ಮಠಾಧಿಕಾರಿಯು ಮುಖ್ಯನು. ಲಿವ್ರಿಯ ಮಠದ ಅಧಿಪತಿಯಾಗಿದ್ದ ಈತನು ಮುಂದೆ ಆಕೆಯ ಆಸ್ತಿಪಾಸ್ತಿಗಳ ಲೆಕ್ಕಪತ್ರಗಳನ್ನು 1687ರಲ್ಲಿ ತಾನು ಸಾಯುವವರೆಗೂ ನೋಡಿಕೊಂಡನು. ಓಲೆಗಳಲ್ಲಿ ಆಕೆ ಈತನನ್ನು ‘ಒಳ್ಳೆಯವರಲ್ಲಿ ಒಳ್ಳೆಯವನು’ ಎಂಬ ಅರ್ಥ ಬರುವ ಅಕ್ಕರೆಯ ಹೆಸರಿನಿಂದ ಕರೆದಿದ್ದಾಳೆ.

ಸೋದರಮಾವಂದಿರ ಮನೆಯಲ್ಲಿ ಆಕೆಗೆ ಒಳ್ಳೆಯ ವಿದ್ಯಾಭ್ಯಾಸವೂ ದೊರೆಯಿತು. ಶಾಪ್ಲಾಂ, ಮೆನಾಜ್ ಎಂಬ ಪ್ರಸಿದ್ಧ ವಿದ್ವಾಂಸರ ಸಹವಾಸದಲ್ಲಿ ಸಾಹಿತ್ಯದ ರುಚಿ ಬೆಳೆಯಿತು. ಇಟಾಲಿಯನ್ ಭಾಷೆಯನ್ನು ಚೆನ್ನಾಗಿ ಕಲಿತಳು. ಲ್ಯಾಟಿನ್ ಪರಿಚಯವೂ ಆಯಿತು. ಆದರೆ ಆಕೆಯ ಶೈಲಿಯು ಪಂಡಿತರ ಶೈಲಿಯಾಗಲಿಲ್ಲ. ಮನೆಯ ಮಾತಿನ ಲಯವನ್ನು ಬಿಡದೆ, ಓದಿನ ಸಂಸ್ಕಾರವನ್ನು ಅದರೊಳಗೆ ಬೆರೆಸುವ ಕಲೆಯು ಆಕೆಗೆ ಸಹಜವಾಗಿ ಒಲಿದಿತ್ತು.

ವಿವಾಹ ಮತ್ತು ವೈಧವ್ಯ

1644ರಲ್ಲಿ, ಹದಿನೆಂಟನೆಯ ವಯಸ್ಸಿನಲ್ಲಿ, ಬ್ರಿತಾನಿ ಪ್ರಾಂತದ ಆಂರಿ ದ ಸೆವಿನ್ಯೆಯೊಡನೆ ಆಕೆಯ ವಿವಾಹವಾಯಿತು. ವಿತ್ರೆ ಎಂಬ ಊರಿನ ಸಮೀಪದಲ್ಲಿರುವ ‘ಲೆ ರೊಶೆ’ ಎಂಬ ಗ್ರಾಮಸೌಧವು ಗಂಡನ ಕಡೆಯ ಆಸ್ತಿ. 1646ರಲ್ಲಿ ಮಗಳು ಫ್ರಾಂಸ್ವಾಜ್-ಮಾರ್ಗರೀತ್, 1648ರಲ್ಲಿ ಮಗ ಶಾರ್ಲ್ ಹುಟ್ಟಿದರು. ದಾಂಪತ್ಯವು ಸುಖಕರವಾಗಿರಲಿಲ್ಲ. ಪತಿಯು ದುಂದುಗಾರನೂ ಪರಸ್ತ್ರೀಲೋಲನೂ ಆಗಿದ್ದನು. 1651ರ ಫೆಬ್ರವರಿ ತಿಂಗಳಿನಲ್ಲಿ ಪರಸ್ತ್ರೀಯೊಬ್ಬಳ ನಿಮಿತ್ತವಾಗಿ ನಡೆದ ದ್ವಂದ್ವಯುದ್ಧದಲ್ಲಿ ಗಾಯಗೊಂಡು ಪ್ರಾಣಬಿಟ್ಟನು. ಆಗ ಆಕೆಗೆ ಇಪ್ಪತ್ತೈದು ವರ್ಷ.

ರೂಪ, ವಿದ್ಯೆ, ಕುಲ ಮೂರೂ ಇದ್ದ ತರುಣಿಯನ್ನು ಮರುಮದುವೆಯಾಗಲು ಮುಂದೆ ಬಂದವರು ಕಡಮೆಯಿರಲಿಲ್ಲ. ಅಂದಿನ ಫ್ರಾನ್ಸಿನಲ್ಲಿ ವಿಧವಾವಿವಾಹಕ್ಕೆ ತಡೆಯೂ ಇರಲಿಲ್ಲ. ಆದರೂ ಆಕೆ ಒಪ್ಪಲಿಲ್ಲ. ಅಂದಿನ ಕಾನೂನಿನಲ್ಲಿ ಕನ್ಯೆಯು ತಂದೆಯ ಅಥವಾ ಪೋಷಕರ ವಶ. ವಿವಾಹಿತೆಯು ಪತಿಯ ವಶ. ವಿಧವೆಯೊಬ್ಬಳೇ ತನ್ನ ಆಸ್ತಿಗೂ ತನ್ನ ಬಾಳಿಗೂ ತಾನೇ ಒಡತಿ. ಸೋದರಮಾವನ ನೆರವಿನಿಂದ ಆಕೆ ಗಂಡನ ಸಾಲಗಳನ್ನು ಕ್ರಮಪಡಿಸಿ, ಜಮೀನಿನ ಉತ್ಪನ್ನವನ್ನು ನೋಡಿಕೊಂಡು, ಇಬ್ಬರು ಮಕ್ಕಳನ್ನು ಬೆಳೆಸಿದಳು. ಇದು ಸಣ್ಣ ಸಾಧನೆಯಲ್ಲ.

ಅದೇ ಶತಮಾನದಲ್ಲಿ ನಮ್ಮ ನಾಡಿನಲ್ಲಿ ಏನು ನಡೆಯುತ್ತಿತ್ತೆಂಬುದನ್ನು ಕಾಲನಿರ್ದೇಶಕ್ಕಾಗಿ ಸ್ಮರಿಸಬಹುದು. ಪತಿಯನ್ನು ಕಳೆದುಕೊಂಡ ಕೆಳದಿಯ ಚೆನ್ನಮ್ಮಾಜಿಯು 1671ರ ಸುಮಾರಿನಲ್ಲಿ ರಾಜ್ಯಭಾರವನ್ನು ವಹಿಸಿಕೊಂಡಳು. ಮೈಸೂರಿನ ಚಿಕ್ಕದೇವರಾಜ ಒಡೆಯರ ಅರಮನೆಯಲ್ಲಿ ಸಂಚಿಯ ಹೊನ್ನಮ್ಮನು ‘ಹದಿಬದೆಯ ಧರ್ಮ’ವನ್ನು ರಚಿಸಿದಳು. ಸೆವಿನ್ಯೆಯು ಇವರಿಬ್ಬರ ಸಮಕಾಲೀನೆ. ಇವರ ನಡುವೆ ಯಾವ ಸಂಪರ್ಕವೂ ಇರಲಿಲ್ಲವಾದರೂ ಈ ಫ್ರೆಂಚ್ ಮಹಿಳೆಯ ಕಾಲವನ್ನು ಮನಸ್ಸಿಗೆ ತಂದುಕೊಳ್ಳಲು ಈ ಹೆಸರುಗಳು ಸಹಾಯಕ.

ರಾಜಧಾನಿಯ ಸಮಾಜ

ಹದಿನಾಲ್ಕನೆಯ ಲೂಯಿ ದೊರೆಯ ಕಾಲದ ಪ್ಯಾರಿಸಿನಲ್ಲಿ ಸುಶಿಕ್ಷಿತ ಸ್ತ್ರೀಯರ ಮನೆಗಳು ವಿದ್ವದ್ಗೋಷ್ಠಿಗಳ ಕೇಂದ್ರಗಳಾಗಿದ್ದುವು. ಸೆವಿನ್ಯೆಯು ಇಂತಹ ಗೋಷ್ಠಿಗಳಲ್ಲಿ ಆದರದ ಅತಿಥಿ. 1678ರಲ್ಲಿ ಪ್ರಕಟವಾದ ‘ಕ್ಲೆವ್‌ನ ರಾಜಕುಮಾರಿ’ ಎಂಬ ಕಾದಂಬರಿಯ ಕರ್ತೃ ಮದಾಂ ದ ಲಾ ಫಾಯೆತ್ ಆಕೆಯ ಜೀವದ ಗೆಳತಿ. ಸೂಕ್ತಿಗಳನ್ನು ಬರೆದ ಲಾ ರೊಶ್‌ಫುಕೋ ಆಕೆಯ ಸ್ನೇಹಿತ. ಆಕೆಯ ಮಾತಿನ ಚಮತ್ಕಾರವನ್ನು ಎಲ್ಲರೂ ಮೆಚ್ಚುತ್ತಿದ್ದರು.

ಆದರೆ ಕೀರ್ತಿಯ ಜೊತೆಗೆ ಅಪಾಯವೂ ಇತ್ತು. ರಾಜ್ಯದ ಹಣಕಾಸಿನ ಅಧಿಕಾರಿಯಾಗಿದ್ದ ಫುಕೆ ಎಂಬವನನ್ನು 1661ರಲ್ಲಿ ದೊರೆಯು ಸೆರೆಹಿಡಿಸಿದಾಗ ಅವನ ಪೆಟ್ಟಿಗೆಯಲ್ಲಿ ಸೆವಿನ್ಯೆಯ ಕಾಗದಗಳೂ ಸಿಕ್ಕಿದುವು. ಅವುಗಳಲ್ಲಿ ದೋಷವೇನೂ ಇರಲಿಲ್ಲವಾದರೂ ವಿಧವೆಯೊಬ್ಬಳ ಹೆಸರು ಜನರ ಬಾಯಿಗೆ ಬೀಳಲು ಅಷ್ಟೇ ಸಾಕಾಗಿತ್ತು. ಇದರಿಂದ ಹೆದರಿ ಆಕೆ ಸ್ನೇಹಿತನ ಕೈಬಿಡಲಿಲ್ಲ. 1664ರ ಕೊನೆಯಲ್ಲಿ ವಿಚಾರಣೆ ನಡೆದಾಗ ಅದರ ವೃತ್ತಾಂತವನ್ನು ಪೊಂಪೊನ್ ಎಂಬ ಸ್ನೇಹಿತನಿಗೆ ಸರಣಿಯಾಗಿ ಬರೆದು ತಿಳಿಸಿದಳು. ನ್ಯಾಯಾಧೀಶರು ವಿಧಿಸಿದ ಗಡೀಪಾರಿನ ಶಿಕ್ಷೆಯನ್ನು ದೊರೆಯು ಆಜೀವ ಸೆರೆವಾಸಕ್ಕೆ ಏರಿಸಿದನು. ಅಧಿಕಾರ ಕಳೆದುಕೊಂಡವನ ಪಕ್ಷದಲ್ಲಿ ನಿಂತು ಬರೆದ ಆ ಓಲೆಗಳು ಆಕೆಯ ಧೈರ್ಯಕ್ಕೆ ಸಾಕ್ಷಿ.

ನೋವು ಸ್ವಂತ ಬಂಧುವರ್ಗದಿಂದಲೂ ಬಂದಿತು. ತಂದೆಯ ಕಡೆಯ ದಾಯಾದಿ ಬ್ಯುಸ್ಸಿ-ರಬ್ಯುತಾಂ ಒಳ್ಳೆಯ ಲೇಖಕ, ಆದರೆ ನಾಲಗೆಯ ಮೇಲೆ ಹಿಡಿತವಿಲ್ಲದವನು. ಆತನು ಆಸ್ಥಾನದ ಶೃಂಗಾರಪ್ರಸಂಗಗಳನ್ನು ಕುರಿತು ಬರೆದ ವಿಡಂಬನಕೃತಿಯಲ್ಲಿ ಸೆವಿನ್ಯೆಯನ್ನೂ ಕಟುವಾಗಿ ಚಿತ್ರಿಸಿದನು. ಆ ಕೃತಿಯ ದೆಸೆಯಿಂದ 1665ರಲ್ಲಿ ಆತನು ಸೆರೆಮನೆಯನ್ನು ಸೇರಿ, ಆ ಬಳಿಕ ಬರ್ಗಂಡಿಗೆ ಹೋಗಿ ಇರಬೇಕಾಯಿತು. ಆಕೆ ಮೊದಲು ಕೋಪಿಸಿಕೊಂಡಳು, ಅನಂತರ ಕ್ಷಮಿಸಿದಳು; ಇಬ್ಬರ ಪತ್ರವ್ಯವಹಾರವು 1693ರಲ್ಲಿ ಆತನು ಸಾಯುವವರೆಗೂ ಸಾಗಿತು.

ಮಗಳ ನಿರ್ಗಮನ

ಮಗಳು ಫ್ರಾಂಸ್ವಾಜ್-ಮಾರ್ಗರೀತ್ ಅಸಾಧಾರಣ ಸುಂದರಿ. ಆಸ್ಥಾನದ ನೃತ್ಯರೂಪಕಗಳಲ್ಲಿ ದೊರೆಯೊಡನೆ ಪಾತ್ರ ವಹಿಸಿದವಳು. ಕವಿ ಲಾ ಫೋಂತೇನ್ ತನ್ನ ಒಂದು ನೀತಿಕಥೆಯನ್ನು ಆಕೆಗೆ ಅರ್ಪಿಸಿದ್ದಾನೆ. ಓದಿನಲ್ಲಿಯೂ ಹಿಂದುಳಿದವಳಲ್ಲ, ದಾರ್ಶನಿಕ ದೇಕಾರ್ತ್‌ನ ಸಿದ್ಧಾಂತದಲ್ಲಿ ಆಕೆಗೆ ವಿಶೇಷ ಶ್ರದ್ಧೆ. ಆದರೆ ಸ್ವಭಾವದಲ್ಲಿ ತಾಯಿಗೆ ತದ್ವಿರುದ್ಧ. ತಾಯಿ ಮಾತಿನಲ್ಲಿ ಹರಿಯುವವಳು. ಮಗಳು ಮಿತಭಾಷಿಣಿ, ಸಂಕೋಚದವಳು.

1669ರ ಜನವರಿಯಲ್ಲಿ ಆಕೆಯನ್ನು ಕೌಂಟ್ ದ ಗ್ರಿನ್ಯಾಂ ಎಂಬವನಿಗೆ ಕೊಟ್ಟು ವಿವಾಹ ನಡೆಯಿತು. ವರನು ಉನ್ನತ ಕುಲದವನು. ಆದರೆ ಈ ಮೊದಲೇ ಇಬ್ಬರು ಪತ್ನಿಯರನ್ನು ಕಳೆದುಕೊಂಡವನು, ಸಾಲದಲ್ಲಿಯೂ ಮುಳುಗಿದ್ದವನು. ಮೂರು ಲಕ್ಷ ಲೀವ್ರ್ ನಾಣ್ಯಗಳ ವರದಕ್ಷಿಣೆಯು ಗೊತ್ತಾಯಿತು. ಮಗಳು ಪ್ಯಾರಿಸಿನಲ್ಲೇ ನೆಲೆಸುವಳೆಂದು ತಾಯಿಯು ಭಾವಿಸಿದ್ದಳು. ಅದೇ ವರ್ಷದ ಕೊನೆಯಲ್ಲಿ ಅಳಿಯನಿಗೆ ದಕ್ಷಿಣದ ಪ್ರೊವಾನ್ಸ್ ಪ್ರಾಂತದ ಆಡಳಿತವು ಲಭಿಸಿತು. ಆತನು ಮುಂದಾಗಿ ಹೊರಟನು. ಬಸುರಿಯಾಗಿದ್ದ ಮಗಳು ತಾಯಿಯ ಬಳಿ ಉಳಿದು 1670ರ ನವೆಂಬರಿನಲ್ಲಿ ಹೆಣ್ಣುಮಗುವನ್ನು ಹೆತ್ತಳು. 1671ರ ಫೆಬ್ರವರಿ 4ರಂದು, ತಾಯಿಗೆ ನಲವತ್ತೈದು ವರ್ಷ ತುಂಬುವ ಹಿಂದಿನ ದಿನ, ಮಗಳು ಹಸುಗೂಸನ್ನು ಅಜ್ಜಿಯ ಮಡಿಲಿನಲ್ಲಿಟ್ಟು ಪತಿಗೃಹಕ್ಕೆ ಪ್ರಯಾಣ ಮಾಡಿದಳು.

ಎರಡು ದಿನಗಳ ಬಳಿಕ, ಫೆಬ್ರವರಿ 6ರಂದು, ತಾಯಿಯು ಬರೆದ ಓಲೆಯಿಂದ ಆ ಮಹಾಪತ್ರಮಾಲೆಯು ಆರಂಭವಾಗುತ್ತದೆ. ಮಗಳನ್ನು ಬೀಳ್ಕೊಟ್ಟು ಬಂದವಳು ತನ್ನ ದುಃಖವನ್ನು ವರ್ಣಿಸಲು ಮಾತೇ ಸಾಲದೆಂಬ ಭಾವದಿಂದ ಅದನ್ನು ಆರಂಭಿಸಿದ್ದಾಳೆ. ಬರಿದಾದ ಕೋಣೆಯನ್ನೂ ತೊಟ್ಟಿಲಿನ ಮಗುವನ್ನೂ ಕಂಡಾಗ ಮಗಳ ನೆನಪು ಹೇಗೆ ಮುತ್ತಿಕೊಂಡಿತೆಂಬುದನ್ನು ಅಲಂಕಾರದ ಭಾರವಿಲ್ಲದೆ ಬರೆದಿದ್ದಾಳೆ.

ಅಂಚೆ ಮತ್ತು ಓಲೆ

ಆ ಕಾಲದಲ್ಲಿ ಫ್ರಾನ್ಸಿನ ರಾಜ್ಯದ ಅಂಚೆಯು ವ್ಯವಸ್ಥಿತವಾಗುತ್ತಿತ್ತು. ವಾರದ ಗೊತ್ತಾದ ದಿನಗಳಲ್ಲಿ ಪ್ಯಾರಿಸಿನಿಂದ ಪ್ರೊವಾನ್ಸಿಗೆ ಅಂಚೆ ಹೊರಡುತ್ತಿತ್ತು. ಸೆವಿನ್ಯೆಯ ಜೀವನದ ಪಂಚಾಂಗವೇ ಆ ಅಂಚೆಯ ದಿನಗಳಿಗೆ ಹೊಂದಿಕೊಂಡಿತು. ಅಂಚೆಯವನ ಚೀಲ ಬಂದ ದಿನ ಹಬ್ಬ. ತಡವಾದ ದಿನ ಉಪವಾಸ. ಆಕೆ ಬ್ರಿತಾನಿಯ ಗ್ರಾಮಸೌಧದಲ್ಲಿದ್ದಾಗ ಮಗಳ ಓಲೆಯು ಪ್ಯಾರಿಸಿನ ಮೂಲಕ ಸುತ್ತಿ ಬರಬೇಕಾಗಿದ್ದುದರಿಂದ ಕಾಯುವ ಕಾಲವು ಇನ್ನೂ ದೀರ್ಘವಾಗುತ್ತಿತ್ತು.

ಇದರಿಂದ ಒಂದು ವಿಚಿತ್ರವಾದ ಸ್ಥಿತಿಯುಂಟಾಯಿತು. ಮಗಳು ದಕ್ಷಿಣಕ್ಕೆ ಪ್ರಯಾಣ ಮಾಡುತ್ತಿದ್ದಾಗ ಅವಿನ್ಯೋಂ ನಗರದ ಬಳಿ ರೋನ್ ನದಿಯಲ್ಲಿ ದೋಣಿಯು ಬಿರುಗಾಳಿಗೆ ಸಿಕ್ಕಿ ಸೇತುವೆಯ ಕಮಾನಿಗೆ ಬಡಿಯಿತು. ಆ ಸುದ್ದಿಯು ತಾಯಿಗೆ ಮುಟ್ಟುವ ಹೊತ್ತಿಗೆ ಅಪಾಯವು ಕಳೆದು ಬಹಳ ದಿನಗಳಾಗಿದ್ದುವು. ಮಗಳು ದಡ ಸೇರಿಯಾಗಿತ್ತು. ಆದರೂ ಓಲೆಯನ್ನು ಓದುತ್ತ ತಾಯಿಯು ಆ ಕ್ಷಣವೇ ಮಗಳು ಮುಳುಗುತ್ತಿರುವಳೋ ಎಂಬಂತೆ ನಡುಗಿದಳು. ಕಳೆದುಹೋದ ಭಯಕ್ಕಾಗಿ ಇಂದು ಅಳುವುದು, ಇಂದಿನ ಕ್ಷೇಮವನ್ನು ಮುಂದಿನ ವಾರ ತಿಳಿಯುವುದು, ಇದು ಓಲೆಯ ಲೋಕದ ಕಾಲಧರ್ಮ. ಕ್ಷಣಮಾತ್ರದಲ್ಲಿ ದೂರವಾಣಿಯಿಂದ ಮಾತನಾಡಬಲ್ಲ ಇಂದಿನವರಿಗೆ ಈ ಯಾತನೆಯನ್ನು ಊಹಿಸುವುದೂ ಕಷ್ಟ. ಆದರೆ ಆ ತಡವೇ ಆಕೆಯ ಲೇಖನಿಗೆ ಅವಕಾಶವನ್ನು ಕೊಟ್ಟಿತೆಂಬುದನ್ನೂ ಮರೆಯಬಾರದು. ಹೇಳಬೇಕಾದುದು ಮನಸ್ಸಿನಲ್ಲಿ ಮಾಗುತ್ತಿತ್ತು, ಮಾಗಿದುದು ಹಾಳೆಗಿಳಿಯುತ್ತಿತ್ತು.

ಕಂಡದ್ದು, ಕೇಳಿದ್ದು

ಮಗಳಿಗೆ ಬೇಸರವಾಗದಿರಲೆಂದು ತಾಯಿಯು ರಾಜಧಾನಿಯ ಸಮಾಚಾರವನ್ನೆಲ್ಲ ಬರೆದಳು. 1671ರ ಏಪ್ರಿಲ್‌ನಲ್ಲಿ ಶಾಂತಿಯಿ ಅರಮನೆಯಲ್ಲಿ ಕೋಂದೆಯ ರಾಜಕುಮಾರನು ದೊರೆಗೆ ಔತಣವಿತ್ತಾಗ ಪಾಕವ್ಯವಸ್ಥೆಯ ಮುಖ್ಯಸ್ಥನಾದ ವಾತೆಲ್ ಎಂಬವನು ಪ್ರಾಣ ಕಳೆದುಕೊಂಡ ಪ್ರಸಂಗವು ಅವುಗಳಲ್ಲಿ ಸುಪ್ರಸಿದ್ಧ. ಹಿಂದಿನ ರಾತ್ರಿ ಕೆಲವು ಪಂಕ್ತಿಗಳಿಗೆ ಭಕ್ಷ್ಯವು ಸಾಲದೆ ಹೋಯಿತು. ಬಾಣಬಿರುಸುಗಳು ಮೋಡದಿಂದ ಕೆಟ್ಟುವು. ಬೆಳಗಿನ ಜಾವದಲ್ಲಿ ಬರಬೇಕಾಗಿದ್ದ ಮೀನಿನ ಹೊರೆಗಳಲ್ಲಿ ಎರಡು ಮಾತ್ರ ಬಂದುವು. ಉಳಿದುದು ಬಾರದೆಂದು ತಿಳಿದ ವಾತೆಲ್ ಮಾನಭಂಗವನ್ನು ಸಹಿಸಲಾರದೆ ಕೋಣೆಗೆ ಹೋಗಿ ಕತ್ತಿಗೆ ಎದೆಯೊಡ್ಡಿದನು. ಅಷ್ಟರಲ್ಲಿ ನಾಲ್ಕೂ ಕಡೆಗಳಿಂದ ಮೀನು ಬರತೊಡಗಿತು. ಔತಣವೂ ನಿಲ್ಲಲಿಲ್ಲ. ಆಕೆ ಅಲ್ಲಿರಲಿಲ್ಲ, ಕೇಳಿದುದನ್ನು ಬರೆದಳು. ಆದರೆ ಓದುವವರಿಗೆ ಕಣ್ಣಾರೆ ಕಂಡಂತೆಯೇ ತೋರುತ್ತದೆ. ಸೇವಕನ ಸಾವಿಗೂ ಒಡೆಯರ ಊಟಕ್ಕೂ ನಡುವಿನ ಅಂತರವನ್ನು ಆಕೆ ಟೀಕಿಸುವುದಿಲ್ಲ. ಒಂದರ ಪಕ್ಕದಲ್ಲಿ ಇನ್ನೊಂದನ್ನು ಇಟ್ಟು ಸುಮ್ಮನಾಗುತ್ತಾಳೆ.

ಆಕೆಯು ತನ್ನ ವರ್ಗದ ಮಿತಿಗಳನ್ನು ದಾಟಿದವಳಲ್ಲ ಎಂಬುದನ್ನೂ ಹೇಳಬೇಕು. 1671ರ ಜುಲೈನಲ್ಲಿ ಲೆ ರೊಶೆಯಲ್ಲಿ ಹುಲ್ಲು ಒಣಗಿಸುವ ಕೆಲಸಕ್ಕೆ ಬರಲೊಪ್ಪದ ಪಿಕಾರ್ ಎಂಬ ಆಳನ್ನು ಕೆಲಸದಿಂದ ತೆಗೆದುಹಾಕಿದುದನ್ನು ವಿನೋದದ ಓಲೆಯಾಗಿ ಬರೆದಿದ್ದಾಳೆ. ಹುಲ್ಲು ಒಣಗಿಸುವುದೆಂದರೆ ಬಯಲಿನಲ್ಲಿ ಆಟವಾಡುತ್ತ ಹುಲ್ಲನ್ನು ತಿರುವಿಹಾಕುವುದಷ್ಟೇ ಎಂಬುದು ಆಕೆಯ ವ್ಯಾಖ್ಯಾನ. ಶೈಲಿಯು ಮನೋಹರ, ಆದರೆ ಕಾಯಕದ ಮಹತ್ತ್ವವನ್ನು ಶರಣರಿಂದ ಕಲಿತ ನಮಗೆ, ಬಿಸಿಲಿನಲ್ಲಿ ದುಡಿಯುವವನಿಗೆ ಅದು ಆಟವಾಗಿತ್ತೆ ಎಂಬ ಪ್ರಶ್ನೆಯು ಏಳದಿರದು. 1675ರಲ್ಲಿ ಹೊಸ ತೆರಿಗೆಗಳ ವಿರುದ್ಧ ಬ್ರಿತಾನಿಯ ಜನರು ದಂಗೆಯೆದ್ದಾಗ ಸರಕಾರವು ಕ್ರೂರವಾಗಿ ದಂಡಿಸಿತು. ಗಲ್ಲಿಗೇರಿಸಿದವರನ್ನು ಕುರಿತು ಆಕೆ ಕೆಲವೆಡೆ ಹಗುರವಾಗಿ ಬರೆದಿದ್ದಾಳೆ. ಅದೇ ಲೇಖನಿಯು ರೆನ್ ನಗರದ ಒಂದು ದೊಡ್ಡ ಬೀದಿಯ ಜನರನ್ನೆಲ್ಲ ಹೊರಗಟ್ಟಿದಾಗ ಬಸುರಿಯರೂ ಮುದುಕರೂ ಮಕ್ಕಳೂ ಅನ್ನಾಶ್ರಯಗಳಿಲ್ಲದೆ ಅಲೆದುದನ್ನು ದಾಖಲಿಸಿದೆ. ಎರಡೂ ಆಕೆಯವೇ, ಒಂದನ್ನು ಮರೆಮಾಡಿ ಇನ್ನೊಂದನ್ನು ಮಾತ್ರ ಹೊಗಳುವುದು ವಿಮರ್ಶೆಯ ಧರ್ಮವಲ್ಲ.

ಮಮತೆಯ ಭಾರ

ತಾಯಿಯ ಈ ಪ್ರೀತಿಯನ್ನು ಕಾಲವು ಕೊಂಡಾಡಿದೆ. ಆದರೆ ಪ್ರೀತಿಯನ್ನು ಹೊತ್ತವಳಿಗಿಂತ ಹೊರಿಸಿಕೊಂಡವಳ ಕಷ್ಟವು ಕಡಮೆಯದೇನಲ್ಲ. ಮಗಳಿಗೆ ಹೆರಿಗೆಯ ಮೇಲೆ ಹೆರಿಗೆಯಾಗಿ ಆರೋಗ್ಯ ಕೆಟ್ಟಿತು. ಮಗಳನ್ನು ಮತ್ತೆ ಮತ್ತೆ ಬಸುರಿಯಾಗಿಸಬಾರದೆಂದು ತಾಯಿಯು ಅಳಿಯನಿಗೂ ನಿಸ್ಸಂಕೋಚವಾಗಿ ಬರೆದಳು. ಗ್ರಿನ್ಯಾಂ ಕೋಟೆಯ ಆಡಂಬರ, ಅತಿಥಿಗಳ ಸಂದಣಿ, ಜೂಜು, ಬೆಳೆಯುತ್ತಿದ್ದ ಸಾಲ ಎಲ್ಲವನ್ನೂ ಕುರಿತು ಎಚ್ಚರಿಸಿದಳು. ಎಚ್ಚರಿಕೆಗಳೆಲ್ಲ ಯುಕ್ತವಾದುವೇ; ಆದರೆ ದಿನದಿನವೂ ಬರುವ ಯುಕ್ತವಾದ ಮಾತೂ ಭಾರವಾಗುವುದುಂಟು.

ಸ್ವಾರಸ್ಯವಾದ ಸಂಗತಿಯೆಂದರೆ, 1671ರಿಂದ 1696ರವರೆಗಿನ ಇಪ್ಪತ್ತೈದು ವರ್ಷಗಳಲ್ಲಿ ತಾಯಿಮಗಳು ಅಗಲಿದ್ದುದು ಒಟ್ಟು ಸುಮಾರು ಎಂಟು ವರ್ಷ ಮಾತ್ರ. ಉಳಿದ ಕಾಲ ಮಗಳು ಪ್ಯಾರಿಸಿಗೆ ಬಂದೋ ತಾಯಿ ಪ್ರೊವಾನ್ಸಿಗೆ ಹೋಗಿಯೋ ಜೊತೆಗಿದ್ದರು. ಜೊತೆಗಿದ್ದ ಕಾಲದ ಓಲೆಗಳು ಬಹುಮಟ್ಟಿಗೆ ಇಲ್ಲವಾದ್ದರಿಂದ ಓದುಗರಿಗೆ ಆಕೆಯ ಬಾಳೆಲ್ಲ ಅಗಲಿಕೆಯಂತೆ ಕಾಣುತ್ತದೆ. ಜೊತೆಗಿದ್ದಾಗ ಎಲ್ಲವೂ ಸುಖವಾಗಿರಲಿಲ್ಲ. 1677ರಿಂದ 1679ರವರೆಗಿನ ವಾಸದಲ್ಲಿ ಮನಸ್ತಾಪಗಳಾದುವು. ತಾಯಿಯ ಆತಂಕವು ಮಗಳ ಅನಾರೋಗ್ಯವನ್ನು ಹೆಚ್ಚಿಸಿತು. ಮಗಳ ಮೌನವು ತಾಯಿಯ ಆತಂಕವನ್ನು ಹೆಚ್ಚಿಸಿತು. ಒಂದೇ ಸೂರಿನ ಕೆಳಗಿದ್ದೂ ಎದುರಾಗಿ ಆಡಲಾರದ ಮಾತನ್ನು ಓಲೆಯಲ್ಲಿ ಬರೆದು ತಿಳಿಸಿದ ದಿನಗಳೂ ಇದ್ದುವು. ದೂರದಲ್ಲಿದ್ದಾಗ ನಿರರ್ಗಳವಾಗಿ ಹರಿದ ಪ್ರೀತಿಯು ಹತ್ತಿರ ಬಂದಾಗ ತೊದಲಿತು. ಇದು ಅನೇಕ ಮನೆಗಳ ಕಥೆ.

ಧರ್ಮದ ದೃಷ್ಟಿಯಿಂದಲೂ ಆಕೆಗೆ ಎಚ್ಚರಿಕೆಯು ಬಂದಿತ್ತು. ವೃದ್ಧನೂ ವಿರಾಗಿಯೂ ಆದ ಆರ್ನೋ ದಾಂದಿಯಿ ಎಂಬ ಹಿರಿಯನು 1671ರಲ್ಲಿ ಆಕೆಯನ್ನು ಗದರಿಸಿ, ಮಗಳನ್ನು ಹೃದಯದಲ್ಲಿ ವಿಗ್ರಹವಾಗಿ ಪ್ರತಿಷ್ಠಿಸಿಕೊಂಡಿರುವುದು ವಿಗ್ರಹಾರಾಧನೆಯೇ ಸರಿಯೆಂದು ಹೇಳಿದನು. ಆಕೆ ಕೋಪಿಸಿಕೊಳ್ಳಲಿಲ್ಲ, ಆ ಮಾತನ್ನು ಹಾಗೆಯೇ ಮಗಳಿಗೆ ಬರೆದಳು! ಸಂತಳಾದ ಅಜ್ಜಿಯ ಮೊಮ್ಮಗಳು ತನ್ನ ಮೋಹವನ್ನು ಬಲ್ಲವಳಾಗಿದ್ದಳು. ಬಲ್ಲುದನ್ನು ಬಿಡಲಾರದವಳೂ ಆಗಿದ್ದಳು.

ಮಗ ಶಾರ್ಲ್

ತಾಯಿಯ ಪಕ್ಷಪಾತದ ನೆರಳಿನಲ್ಲಿ ಬೆಳೆದವನು ಶಾರ್ಲ್. ಸೈನ್ಯದಲ್ಲಿದ್ದು ಹಣವನ್ನು ಚೆಲ್ಲಿದನು. ತಂದೆಯಂತೆಯೇ ವಿಲಾಸಕ್ಕೆ ಬಿದ್ದನು. ಹಣಕ್ಕಾಗಿ ನಾಂತ್ ಬಳಿಯ ಬ್ಯುರೋಂ ಎಂಬ ಆಸ್ತಿಯ ಹಳೆಯ ಮರಗಳನ್ನು ಕಡಿಸಿ ಮಾರಿದುದನ್ನು 1680ರಲ್ಲಿ ಕಂಡು ತಾಯಿಯು ಅತ್ತಳು. ಆದರೂ ಅವನು ಸಹೃದಯಿ. ತಾಯಿಗೆ ಗ್ರಂಥಗಳನ್ನು ಗಟ್ಟಿಯಾಗಿ ಓದಿ ಹೇಳುತ್ತಿದ್ದನು. 1676ರಲ್ಲಿ ಸಂಧಿವಾತದಿಂದ ಆಕೆಯ ಕೈ ಊದಿ ಬರೆಯಲಾರದೆ ಹೋದಾಗ ಆಕೆ ಹೇಳಿದುದನ್ನು ಬರೆದುಕೊಂಡು ಅಕ್ಕನಿಗೆ ಕಳುಹಿಸಿದವನು ಅವನೇ. 1684ರಲ್ಲಿ ವಿವಾಹವಾಗಿ ಬ್ರಿತಾನಿಯಲ್ಲಿ ನೆಲೆಸಿ, ಕ್ರಮೇಣ ಧರ್ಮಪರನಾದನು. ಅವನಿಗೆ ಸಂತಾನವಿರಲಿಲ್ಲ. ತಾಯಿಯು ತೀರಿಕೊಂಡ ಮೇಲೆ, ಅಕ್ಕನ ಮೇಲಿದ್ದ ಹೆಚ್ಚಿನ ಪ್ರೀತಿಗಾಗಿ ತನಗೆ ಅಸೂಯೆಯಿಲ್ಲವೆಂದು ಅವನು ಬರೆದ ಮಾತು ಅವನ ಔದಾರ್ಯಕ್ಕೆ ಸಾಕ್ಷಿಯಾಗಿದೆ.

ಮೊಮ್ಮಕ್ಕಳು

ಗ್ರಿನ್ಯಾಂ ದಂಪತಿಗಳ ಮಕ್ಕಳಲ್ಲಿ ಬದುಕಿ ಬೆಳೆದವರು ಮೂವರು. ಹಿರಿಯಳು ಮಾರಿ-ಬ್ಲಾಂಶ್. ಅಜ್ಜಿಯ ಮಡಿಲಿನಲ್ಲಿ ಮೊದಲ ನಡೆ, ಮೊದಲ ನುಡಿಗಳನ್ನು ಕಲಿತ ಕೂಸು ಇದೇ. ಮನೆಯ ಸಾಲವು ಬೆಳೆದಂತೆ ಹೆಣ್ಣುಮಕ್ಕಳ ವರದಕ್ಷಿಣೆಗೆ ಹಣವಿಲ್ಲವಾಯಿತು. ಅಂದಿನ ದೊಡ್ಡ ಮನೆತನಗಳು ಇಂತಹ ಸಂದರ್ಭದಲ್ಲಿ ಮಾಡುತ್ತಿದ್ದಂತೆ ಆ ಮಗುವನ್ನು 1676ರಲ್ಲಿ, ಆರು ತುಂಬುವ ಮೊದಲೇ, ಏಕ್ಸ್ ನಗರದ ಸಂನ್ಯಾಸಿನೀ ಮಠದಲ್ಲಿ ಬಿಟ್ಟರು. ಅದು ಜಾನ್ ದ ಶಾಂತಾಲ್ ಸ್ಥಾಪಿಸಿದ ಸಂಘದ ಮಠವೇ ಆಗಿತ್ತು. ಮುತ್ತಜ್ಜನ ತಾಯಿಯಾದ ಆಕೆ ತಾನೇ ಆರಿಸಿಕೊಂಡು ನಡೆದ ಹಾದಿಗೆ ಈ ಮಗುವನ್ನು ಅನ್ಯರು ನೂಕಿದರು. ಆರಿಸಿಕೊಂಡ ವೈರಾಗ್ಯವು ಬೇರೆ, ಹೊರಿಸಿದ ವೈರಾಗ್ಯವು ಬೇರೆ. ಮಾರಿ-ಬ್ಲಾಂಶ್ ಅಲ್ಲಿಯೇ ಸಂನ್ಯಾಸಿನಿಯಾಗಿ 1735ರಲ್ಲಿ ತೀರಿಕೊಂಡಳು.

ಮಗ ಲೂಯಿ-ಪ್ರೊವಾನ್ಸ್ 1671ರಲ್ಲಿ ಹುಟ್ಟಿದನು. ಸಾಲ ತೀರಿಸುವುದಕ್ಕಾಗಿ 1695ರಲ್ಲಿ ಅವನಿಗೆ ಶ್ರೀಮಂತ ತೆರಿಗೆ ಗುತ್ತಿಗೆದಾರನ ಮಗಳನ್ನು ತಂದರು. ಒಳ್ಳೆಯ ಹೊಲಕ್ಕೂ ಆಗಾಗ ಗೊಬ್ಬರ ಬೇಕೆಂದು ಮದಾಂ ದ ಗ್ರಿನ್ಯಾಂ ಬಿಗುಮಾನದಿಂದ ಆಡಿದಳೆಂದು ಸಾಂ-ಸಿಮೋಂ ತನ್ನ ಸ್ಮೃತಿಗ್ರಂಥದಲ್ಲಿ ಬರೆದಿದ್ದಾನೆ. ತನ್ನ ತಾಯಿಯೂ ಹಣದ ಕುಲದ ಹೆಣ್ಣಿನ ಹೊಟ್ಟೆಯಲ್ಲಿಯೇ ಹುಟ್ಟಿದವಳೆಂಬುದನ್ನು ಆಕೆ ಮರೆತಿರಬೇಕು. ಆ ಮಗನು 1704ರಲ್ಲಿ ನಿಸ್ಸಂತಾನನಾಗಿ ಮಡಿದನು. ಮರುವರ್ಷ ತಾಯಿಯೂ ತೀರಿಕೊಂಡಳು.

ಕಿರಿಯಳು ಪೋಲೀನ್, 1674ರಲ್ಲಿ ಹುಟ್ಟಿದವಳು. ಈಕೆಯನ್ನೂ ಮಠಕ್ಕೆ ಸೇರಿಸುವ ಆಲೋಚನೆಯು ಎದ್ದಿತು. ಇಲ್ಲಿ ಅಜ್ಜಿಯು ತನ್ನ ಲೇಖನಿಯನ್ನೇ ಅಡ್ಡವಿಟ್ಟಳು. ಮಗುವನ್ನು ಮನೆಯಲ್ಲಿಯೇ ಇರಿಸಿಕೊಳ್ಳಬೇಕೆಂದೂ, ತಾಯಿಗಿಂತ ಉತ್ತಮ ಗುರುವಿಲ್ಲವೆಂದೂ ಓಲೆಯ ಮೇಲೆ ಓಲೆ ಬರೆದಳು. ಹುಡುಗಿಯ ಹಟಕ್ಕೆ ಬೆತ್ತವು ಮದ್ದಲ್ಲ, ಪ್ರೀತಿಯೂ ಯುಕ್ತಿಯೂ ಮದ್ದು; ಓದುವ ಆಸೆಯಿದ್ದರೆ ತಡೆಯಬೇಡ; ಇತಿಹಾಸ, ನಾಟಕ, ಇಟಾಲಿಯನ್ ಭಾಷೆ ಎಲ್ಲವನ್ನೂ ಕಲಿಯಲಿ ಎಂಬುದು ಆಕೆಯ ಉಪದೇಶದ ಸಾರ. ಹೆಣ್ಣುಮಕ್ಕಳ ಶಿಕ್ಷಣವನ್ನು ಕುರಿತ ಈ ಓಲೆಗಳು ಅಧ್ಯಾಪಕರಾದ ನಮಗೆ ಇಂದಿಗೂ ಮನನೀಯ. ಕೊನೆಗೆ ಪೋಲೀನ್ ಮನೆಯಲ್ಲಿಯೇ ಬೆಳೆದಳು. ತಾಯಿಗೆ ಓಲೆ ಬರೆದುಕೊಡುವ ಸಹಾಯಕಳಾದಳು. 1695ರಲ್ಲಿ ವಿವಾಹವಾಗಿ ಮದಾಂ ದ ಸಿಮಿಯಾನ್ ಎನಿಸಿದಳು. ಹೊಸ್ತಿಲಲ್ಲಿ ಮಲಗಿದ ಮಗನಿಂದ ಆರಂಭವಾದ ಅಗಲಿಕೆಯ ಸರಪಳಿಯು ಈ ಒಂದು ಕೊಂಡಿಯಲ್ಲಿ ಕಳಚಿತು.

ಕೊನೆಯ ದಿನಗಳು ಮತ್ತು ಓಲೆಗಳ ಗತಿ

ಸೆವಿನ್ಯೆಯು 1677ರಿಂದ ಪ್ಯಾರಿಸಿನ ಕಾರ್ನವಾಲೆ ಭವನದಲ್ಲಿ ಬಾಡಿಗೆಗಿದ್ದಳು. ಆ ಭವನವು ಇಂದು ನಗರದ ಇತಿಹಾಸದ ವಸ್ತುಸಂಗ್ರಹಾಲಯವಾಗಿದೆ. 1694ರಲ್ಲಿ ಕೊನೆಯ ಬಾರಿಗೆ ಪ್ರೊವಾನ್ಸಿಗೆ ಹೋದಳು. ದೀರ್ಘಕಾಲ ಕಾಯಿಲೆಬಿದ್ದಿದ್ದ ಮಗಳ ಶುಶ್ರೂಷೆಯಲ್ಲಿ ತೊಡಗಿದ್ದು, ತಾನೇ ಜ್ವರಕ್ಕೆ ತುತ್ತಾಗಿ 1696ರ ಏಪ್ರಿಲ್ 17ರಂದು ಗ್ರಿನ್ಯಾಂನಲ್ಲಿ ಕಾಲವಾದಳು. ಅಲ್ಲಿಯ ದೇವಾಲಯದಲ್ಲಿಯೇ ಆಕೆಯ ಸಮಾಧಿಯಿದೆ.

ಆಕೆ ಬದುಕಿರುವಾಗ ಆಕೆಯ ಹೆಸರಿನ ಒಂದು ಪುಸ್ತಕವೂ ಅಚ್ಚಾಗಿರಲಿಲ್ಲ. ಬ್ಯುಸ್ಸಿಯ ಪತ್ರಸಂಗ್ರಹದೊಡನೆ ಕೆಲವು ಓಲೆಗಳು 1697ರ ಹೊತ್ತಿಗೆ ಬೆಳಕಿಗೆ ಬಂದುವು. 1725, 1726ರಲ್ಲಿ ಮನೆಯವರ ಅನುಮತಿಯಿಲ್ಲದೆಯೇ ಕೆಲವರು ಅಚ್ಚು ಹಾಕಿಸಿದರು. ಆಗ ಪೋಲೀನ್ ತನ್ನಲ್ಲಿದ್ದ ಓಲೆಗಳನ್ನು ಪೆರಾಂ ಎಂಬವನಿಗೆ ಕೊಟ್ಟು 1734ರಿಂದ 1737ರವರೆಗೆ ಕ್ರಮವಾದ ಆವೃತ್ತಿಯನ್ನು ಹೊರಡಿಸಿದಳು. ಮಠಕ್ಕೆ ಹೋಗಬೇಕಾಗಿದ್ದ ಮೊಮ್ಮಗಳು ಮನೆಯಲ್ಲಿ ಉಳಿದುದರಿಂದ ಅಜ್ಜಿಯ ಓಲೆಗಳು ಉಳಿದುವು. ಅಜ್ಜಿಯು ಪೋಲೀನಳಿಗಾಗಿ ಬರೆದ ಮಾತು ತನಗಾಗಿಯೂ ಫಲಿಸಿತು.

ಆದರೆ ಇದೇ ಪೋಲೀನ್ ಇನ್ನೊಂದು ಕಾರ್ಯವನ್ನೂ ಮಾಡಿದಳು. ಮದಾಂ ದ ಗ್ರಿನ್ಯಾಂ ತಾಯಿಗೆ ಬರೆದ ಓಲೆಗಳಲ್ಲಿ ಒಂದೂ ಇಂದು ಸಿಕ್ಕುವುದಿಲ್ಲ. ಧರ್ಮಭೀರುವಾದ ಪೋಲೀನ್ ಅವುಗಳನ್ನು ನಾಶಮಾಡಿಸಿದಳೆಂದು ವಿದ್ವಾಂಸರು ಅಭಿಪ್ರಾಯಪಡುತ್ತಾರೆ. ಹೀಗೆ ಇಬ್ಬರ ಸಂಭಾಷಣೆಯಲ್ಲಿ ಒಬ್ಬಳ ದನಿ ಮಾತ್ರ ನಮಗೆ ಕೇಳುತ್ತದೆ. ಮಗಳು ಶೀತಲಹೃದಯಳೆಂದು ಬಹುಕಾಲದಿಂದ ದೂರಿದವರು ಈ ಮೌನವನ್ನು ಆಕೆಯ ಮನಸ್ಸೆಂದು ತಪ್ಪಾಗಿ ತಿಳಿದರು. ಆಕೆಯ ಉತ್ತರಗಳಿಗಾಗಿ ತಾಯಿಯು ಎಷ್ಟು ಕಾತರಿಸಿದಳು, ಅವನ್ನು ಎಷ್ಟು ಮೆಚ್ಚಿ ಮತ್ತೆ ಮತ್ತೆ ಓದಿದಳು ಎಂಬುದೇ ಆ ಉತ್ತರಗಳ ಗುಣಕ್ಕೆ ಸಾಕ್ಷಿ.

ಪೆರಾಂ ಮನೆವಾರ್ತೆಯ ಸಂಗತಿಗಳನ್ನು ಕತ್ತರಿಸಿ ಭಾಷೆಯನ್ನು ನಯಗೊಳಿಸಿದ್ದನು. ನಿಜವಾದ ಪಾಠವು ಬಹುಮಟ್ಟಿಗೆ ಮರಳಿ ದೊರೆತುದು 1873ರಲ್ಲಿ. ಆ ವರ್ಷ ದಿಜೋಂ ನಗರದ ನ್ಯಾಯಶಾಸ್ತ್ರದ ಅಧ್ಯಾಪಕ ಕಾಪ್ಮಾ ಎಂಬವನು ಹಳೆಯ ವಸ್ತುಗಳ ವ್ಯಾಪಾರಿಯಲ್ಲಿ ಓಲೆಗಳ ಪ್ರತಿಯನ್ನು ಆರು ಸಂಪುಟಗಳಲ್ಲಿ ಕಂಡುಹಿಡಿದನು. ಆ ಆಧಾರದಿಂದಲೂ ಇತರ ಸಾಮಗ್ರಿಯಿಂದಲೂ ರೋಜೆ ದ್ಯುಶೆನ್ ಎಂಬ ವಿದ್ವಾಂಸನು 1972ರಿಂದ 1978ರವರೆಗೆ ಮೂರು ಸಂಪುಟಗಳ ಶುದ್ಧಪಾಠವನ್ನು ಸಿದ್ಧಪಡಿಸಿದನು.

ಉಪಸಂಹಾರ

ಈ ಕಥೆಯಲ್ಲಿ ನಮ್ಮ ಓದುಗರಿಗೆ ಪರಿಚಿತವಾದ ಒಂದು ದನಿಯಿದೆ. ನಮ್ಮ ಶರಣರ ವಚನಗಳೂ ಮನೆಮನೆಗಳ ಜಗಲಿಯ ಮೇಲೆ, ಪೆಟ್ಟಿಗೆಗಳ ತಳದಲ್ಲಿ ತಾಳೆಯೋಲೆಗಳಾಗಿ ಬಿದ್ದಿದ್ದುವು. ಫ. ಗು. ಹಳಕಟ್ಟಿಯವರು ಅವನ್ನು ಹುಡುಕಿ ತಂದು, 1923ರಲ್ಲಿ ‘ವಚನಶಾಸ್ತ್ರಸಾರ’ವನ್ನು ಪ್ರಕಟಿಸದಿದ್ದರೆ ನಮ್ಮ ಪಾಡೇನಾಗುತ್ತಿತ್ತು? ಕಾಪ್ಮಾನಂತಹವರಿಲ್ಲದೆ ಸೆವಿನ್ಯೆಯಿಲ್ಲ; ಹಳಕಟ್ಟಿಯಂತಹವರಿಲ್ಲದೆ ನಮಗೆ ವಚನಭಾಂಡಾರವಿಲ್ಲ. ಬರೆಯುವವರಷ್ಟೇ ಕಾಯುವವರೂ ಸಾಹಿತ್ಯಕ್ಕೆ ಅಗತ್ಯ.

ಆದ್ದರಿಂದ ಅಧ್ಯಾಪಕ ಬಂಧುಗಳಲ್ಲಿ ವಿನಂತಿ: ಪತ್ರಲೇಖನವನ್ನು ಬೋಧಿಸುವಾಗ ಒಕ್ಕಣೆಯ ಕ್ರಮದ ಜೊತೆಗೆ, ಯಾರಿಗಾಗಿ ಬರೆಯುತ್ತಿದ್ದೇವೆಂಬ ಅಕ್ಕರೆಯನ್ನೂ ಕಲಿಸೋಣ. ಪೂರ್ವವಿದ್ಯಾರ್ಥಿಗಳಲ್ಲಿಯೂ ದಾನಿಗಳಲ್ಲಿಯೂ ವಿನಂತಿ: ತಮ್ಮ ಹಿರಿಯರ ಕಾಗದಪತ್ರಗಳು ಮನೆಯ ಅಟ್ಟದಲ್ಲಿದ್ದರೆ ಅವನ್ನು ಒಲೆಗೆ ಹಾಕದಿರಿ, ರದ್ದಿಗೆ ಮಾರದಿರಿ. ಅದರಲ್ಲಿ ಅಜ್ಜಿಯೊಬ್ಬಳು ದೂರದ ಮಗಳಿಗೆ ಹೇಳಿಕಳುಹಿಸಿದ ಮಾತಿರಬಹುದು. ಒಂದು ವೇಳೆ ಮಗಳ ಉತ್ತರವೂ ಜೊತೆಯಲ್ಲಿದ್ದರೆ, ಎರಡನ್ನೂ ಒಟ್ಟಿಗೆ ಕಟ್ಟಿಡಿ.